ರಟ್ಟಿನ ಮನೆಯಲ್ಲಿ ಯಾರ್ಯಾರು?

"ಇದ್ರಲ್ಲಿ ಆಟದ ಸಾಮಾನು ಎಲ್ಲಿ ಮೇಡಂ?"

ಅವಳು ತಟ್ಟನೆ ತಿರುಗಿದಳು. ಬಾಗಿಲಲ್ಲಿ ಎಣ್ಣೆ ಕಲೆಯ ನೀಲಿ ಅಂಗಿ ತೊಟ್ಟ ಯುವಕ, ಅವನ ಕಾಲಿಗೆ ಅಂಟಿಕೊಂಡ ಪುಟ್ಟ ಹುಡುಗಿ. ಅವನ ಕಣ್ಣು ರಟ್ಟಿನ ಪೆಟ್ಟಿಗೆ, ಬಟ್ಟೆ ತುಂಡು, ಪ್ಲಾಸ್ಟಿಕ್ ಪೈಪುಗಳ ಮೇಲೆಲ್ಲಾ ಓಡಾಡುತ್ತಿತ್ತು.

"ಕಣ್ಮುಂದೇನೇ ಇದೆಯಲ್ಲ!"

"ಇದು ಗುಜರಿ ಅಲ್ವಾ?"

ಗುಜರಿ! ಮಕ್ಕಳ ಆಟ ರೂಪಿಸುವುದೇ ಅವಳ ವೃತ್ತಿ. ಲೈಬ್ರರಿಯ ಈ ಕೋಣೆಗಾಗಿ ಅವಳು ಪಟ್ಟ ಪಾಡು ಅಷ್ಟಿಷ್ಟಲ್ಲ. ಸಿಟ್ಟು ಮೂಗಿನ ತುದಿಗೆ ಬಂತು.

"ಇದೇ ಆಟ ಅಂತ ನಾನು ಹೇಳ್ಕೊಡಲ್ಲ. ಮಕ್ಕಳೇ ಹುಡುಕ್ಕೋತಾರೆ."

"ನಾನು ಲಿಫ್ಟ್ ರಿಪೇರಿ ಮಾಡೋನು. ಒಂದೋ ಮೇಲೆ, ಇಲ್ಲಾಂದ್ರೆ ಕೆಳಗೆ... ನಮಗೆ ಮೂರನೇ ದಾರಿ ಇಲ್ಲ," ಎಂದು ಅವನು ನಕ್ಕುಬಿಟ್ಟ.

ಹಾಳಾದ ನಗು! ಅರ್ಧ ಸಿಟ್ಟು ಅಲ್ಲೇ ಇಳಿಯಿತು.

ಮರುದಿನವೂ ಬಂದ. ಆಮೇಲೆ ದಿನಾ ಬಂದ. ಪುಟ್ಟಿ ಮೂಲೆಯಲ್ಲಿ ಕೂತು ಸುಮ್ಮನೆ ನೋಡುತ್ತಿದ್ದಳು. ಏನು ಬೇಕಾದರೂ ಅವನ ಕಿವಿಯಲ್ಲಿ ಪಿಸುಗುಡುತ್ತಿದ್ದಳು. ಅವನದ್ದೋ ಬರೀ ಪ್ರಶ್ನೆಗಳು.

"ಈ ಪೈಪ್ ಯಾಕೆ ಇಷ್ಟುದ್ದ? ಮಕ್ಕಳಿಗೆ ಎತ್ತೋಕಾಗಲ್ಲ."

"ಒಬ್ಬರಿಗೆ ಆಗಬಾರದು ಅಂತಾನೇ. ಆಗ ಇನ್ನೊಬ್ಬರನ್ನ ಕರೀಲೇಬೇಕಲ್ಲ?"

"ಅಬ್ಬಾ... ಇಷ್ಟೆಲ್ಲಾ ಯೋಚನೆ ಮಾಡಿದೀರಾ!"

ಅವಳ ಕೆನ್ನೆ ಬಿಸಿಯಾಯಿತು. ಇದನ್ನು ಯಾರೂ ಕೇಳಿಯೇ ಇರಲಿಲ್ಲ...

ಅಷ್ಟರಲ್ಲಿ ಅವನ ಫೋನ್ ಬಡಿದುಕೊಂಡಿತು. "ಅಯ್ಯೋ, ಇವಳಮ್ಮ! ಲೇಟಾದ್ರೆ ಬೈತಾಳೆ," ಎಂದವನೇ ಪುಟ್ಟಿಯನ್ನು ಎತ್ತಿಕೊಂಡು ಓಡಿದ.

ಇವಳಮ್ಮ...? 'ಥೂ, ಹುಚ್ಚಿ! ಹೆಂಡತಿ ಇರೋನ ಮೇಲೆ ಮನಸ್ಸು ಹರಿಬಿಟ್ಯಲ್ಲ!'

ಅಂದಿನಿಂದ ಅವನು ಏನು ಕೇಳಿದರೂ ಅವಳದ್ದು "ಹೂಂ", "ಉಹೂಂ" ಅಷ್ಟೇ. ಪಾಪ, ಅವನಿಗೆ ತಲೆಬುಡ ಅರ್ಥವಾಗಲಿಲ್ಲ. ಒಂದು ಸಂಜೆ ಹೇಳಿಯೇಬಿಟ್ಟ.

"ನಾನು ಬರೋದು ನಿಮಗೆ ಹಿಂಸೆ ಅನ್ಸತ್ತೆ. ನಾಳೆಯಿಂದ ಪುಟ್ಟೀನ ಇವಳಮ್ಮನೇ ಕರ್ಕೊಂಡು ಬರ್ತಾಳೆ."

ಅವಳ ಎದೆ ಧಸಕ್ಕೆಂದಿತು. 'ಒಳ್ಳೇದೇ ಆಯ್ತು ಬಿಡು...' ಎಂದುಕೊಂಡಳು.

ಆಗಲೇ ಧಡಾರ್ ಎಂಬ ಸದ್ದು! ಪುಟ್ಟಿ ಮೂಲೆ ಬಿಟ್ಟು ಎದ್ದಿದ್ದಳು! ದೊಡ್ಡ ಪೆಟ್ಟಿಗೆಯನ್ನು ಉರುಳಿಸಿ ಅದಕ್ಕೆ ಬಟ್ಟೆ ಹೊದಿಸುತ್ತಿದ್ದಳು. ನೆರವಿಗೆ ಹೊರಟವನ ತೋಳನ್ನು ಅವಳು ಹಿಡಿದು ನಿಲ್ಲಿಸಿದಳು.

"ಶ್! ಏನು ಮಾಡ್ತಾಳೋ ನೋಡೋಣ."

ಹಿಡಿದ ತೋಳನ್ನು ಬಿಡಲು ಮರೆತೇಹೋಯಿತು.

ಪುಟ್ಟಿ ಸೊಂಟದ ಮೇಲೆ ಕೈಯಿಟ್ಟು ತಿರುಗಿದಳು. ಮೊದಲ ಸಲ ಗಟ್ಟಿ ದನಿ! "ಇದು ಮನೆ! ಮಾಮಾ, ನೀನಿಲ್ಲಿ ಕೂತ್ಕೋ!"

ಮಾಮಾ...?!

"ನೀವು... ಇವಳ ಅಪ್ಪ ಅಲ್ವಾ?"

"ಅಪ್ಪನಾ? ಸೋದರಮಾವ ರೀ! ಇವಳಮ್ಮ ನಮ್ಮಕ್ಕ." ಅವನ ಕಣ್ಣು ಅರಳಿತು. "ಅದಕ್ಕಾ ಇಷ್ಟು ದಿನ ಮುಖ ಊದಿಸ್ಕೊಂಡಿದ್ದು?"

ಅವಳು ಪುಟ್ಟಿಯ ಕಡೆ ತಿರುಗಿದಳು. "ನಾನು ಯಾರು ಪುಟ್ಟಿ, ಈ ಮನೇಲಿ?"

ಪುಟ್ಟಿ ಒಂದು ಗಳಿಗೆ ಯೋಚಿಸಿದಳು. "ನೀವು ಅತ್ತೆ! ಮಾಮನ ಪಕ್ಕ ಕೂತ್ಕೊಳ್ಳಿ!"

ಮನೆಯೊಡತಿಯ ಅಪ್ಪಣೆ, ಮೀರುವಂತಿಲ್ಲ! ಇಬ್ಬರೂ ಮೊಣಕಾಲು ಮಡಚಿ, ಭುಜಕ್ಕೆ ಭುಜ ತಾಗಿಸಿ ಪೆಟ್ಟಿಗೆಯೊಳಗೆ ತೂರಿಕೊಂಡರು.

"ಮಗು ಆಟಕ್ಕೆ ಹೇಳಿದ್ದು... ಬೇಜಾರು ಮಾಡ್ಕೋಬೇಡಿ," ಎಂದ ಅವನು.

"ಆಟಕ್ಕೆ ಮಾತ್ರಾನಾ?"

ಅವನು ಅವಳತ್ತ ತಿರುಗಿದ. "ನನಗಂತೂ ಅಲ್ಲ. ಪುಟ್ಟಿ ಬರಲ್ಲ ಅಂದ ದಿನಾನೂ ಪುಸಲಾಯಿಸಿ ಕರ್ಕೊಂಡು ಬಂದಿದೀನಿ. ನಿಮಗೆ...?"

"ನಾಳೆಯಿಂದ ಅವಳನ್ನ ಅವಳಮ್ಮನೇ ಕರ್ಕೊಂಡು ಬರ್ಲಿ."

ಅವನ ಮುಖ ಬಾಡಿತು.

"ನೀವು..." ಅವಳು ಅವನ ಬೆರಳನ್ನು ಮೆಲ್ಲನೆ ಹಿಡಿದಳು. "ನೆಪ ಇಲ್ಲದೇನೇ ಬನ್ನಿ."