ಭದ್ರಮ್ಮನಿಲ್ಲದ ರೀಲು

ತಿಪ್ಪಸಂದ್ರದಲ್ಲಿ ಹೆರಿಗೆ ಆಸ್ಪತ್ರೆ ಕಟ್ಟಿಸಿಕೊಟ್ಟ ಮನೆತನದ ಹಳೆಯ ಫಿಲ್ಮುಗಳನ್ನು ಕಂಪ್ಯೂಟರಿಗೆ ಇಳಿಸುವ ಕೆಲಸ ಮಾಗಡಿಯಲ್ಲಿ ವಿಡಿಯೋ ಅಂಗಡಿ ಇಟ್ಟಿದ್ದ ವರಲಕ್ಷ್ಮಿಗೆ ಸಿಕ್ಕಿತ್ತು. ಆಸ್ಪತ್ರೆಗೆ ತನ್ನ ಪಾಲಿನ ಜಮೀನು ಕೊಟ್ಟವಳು ಆ ಮನೆಯ ವಿಧವೆ ಮಗಳು ಭದ್ರಮ್ಮ.

“ನಮ್ಮ ಸೋದರತ್ತೆ ಭದ್ರಮ್ಮ ಇರೋದನ್ನೆಲ್ಲ ತೆಗ್ದಾಕ್ಬುಡವ್ವ. ಆಸ್ಪತ್ರೆ ಅಂದ್ರೆ ನಮ್ಮಪ್ಪನ ಹೆಸ್ರೊಂದೇ ಉಳೀಬೇಕು,” ಎಂದರು ಈಗಿನ ಯಜಮಾನ ಗಂಗರಾಜು.

ವರಲಕ್ಷ್ಮಿ ಕಂಪ್ಯೂಟರಿನಲ್ಲಿ ಭದ್ರಮ್ಮ ಕಂಡ ಕಡೆಯಲ್ಲೆಲ್ಲ ಕತ್ತರಿಸಿದಳು. ಮಟಮಟ ಮಧ್ಯಾಹ್ನ ಅಂಗಡಿಯೊಳಗೆ ಹರಳೆಣ್ಣೆಯ ವಾಸನೆ ಹರಡಿತು. ಪಕ್ಕದ ಖಾಲಿ ಕುರ್ಚಿ, ಯಾರೋ ಈಗಷ್ಟೇ ಎದ್ದುಹೋದ ಹಾಗೆ ಬೆಚ್ಚಗಿತ್ತು. ಆ ಫಿಲ್ಮಿಗೆ ಧ್ವನಿಯೇ ಇರಲಿಲ್ಲ. ಆದರೂ ಹೆಡ್‌ಫೋನಿನಲ್ಲಿ ಹೆಂಗಸೊಬ್ಬಳು ಮೆಲ್ಲಗೆ ಉಸಿರಾಡುತ್ತಿದ್ದಳು.

ವರಲಕ್ಷ್ಮಿ ಹೆಡ್‌ಫೋನ್ ಕಿತ್ತಿಟ್ಟಳು.

“ತಪ್ಪಾಯ್ತು ಕಣವ್ವ, ತಿರ್ಗ ಹಾಕ್ಬುಡ್ತೀನಿ,” ಎನ್ನುತ್ತ, ಮತ್ತೆ ಇಳಿಸಿಕೊಳ್ಳಲು ಮೂಲ ರೀಲನ್ನೇ ಓಡಿಸಿದಳು. ಅದಕ್ಕೆ ಅವಳು ಕತ್ತರಿ ಮುಟ್ಟಿಸಿರಲಿಲ್ಲ.

ಅದರಲ್ಲೂ ಭದ್ರಮ್ಮ ಇರಲಿಲ್ಲ. ಉದ್ಘಾಟನೆಯ ದಿನ ಅವಳು ಸೊಂಟದ ಮೇಲೆ ಕೂರಿಸಿಕೊಂಡಿದ್ದ ಎಳೆಗೂಸು ಗಂಗರಾಜು ಮಾತ್ರ ಹಿಡಿದವರಿಲ್ಲದೆ ಗಾಳಿಯಲ್ಲಿ ಕೂತು, ಕಾಣದ ಮುಖವೊಂದನ್ನು ನೋಡಿ ನಗುತ್ತಿತ್ತು.