ಕರಿಹನಿ

ಜನ್ನಿಸ್ ಬೀಸಿದ ಬಡಿಗೆ ನನ್ನ ಕಿವಿಯ ಪಕ್ಕದ ಗೋಡೆಗೆ ಬಿತ್ತು. ಸುಣ್ಣದ ಚಕ್ಕೆ ಕಣ್ಣಿಗೆ ಹಾರಿತು.

ಓಡಿದೆ.

ಕಿಯೋಸ್ ದ್ವೀಪದ ನಮ್ಮ ದಕ್ಷಿಣದ ಹಳ್ಳಿಗಳಲ್ಲಿ ಮನೆಗಳು ಒಂದಕ್ಕೊಂದು ಅಂಟಿಕೊಂಡಿವೆ. ಚಾವಣಿ ಹತ್ತಿದರೆ ಅರ್ಧ ಊರು ದಾಟಬಹುದು. ಕಡಲ್ಗಳ್ಳರಿಂದ ತಪ್ಪಿಸಿಕೊಳ್ಳಲು ಹಿರಿಯರು ಹಾಗೆ ಕಟ್ಟಿದರಂತೆ... ಇವತ್ತು ಕಳ್ಳಿ ನಾನೇ. ಕಂಕುಳಲ್ಲಿ ಜನ್ನಿಸ್‌ನ ತಗಡಿನ ಡಬ್ಬಿ ಇತ್ತು.

ಉರಿಬಿಸಿಲು. ಊಟ ಮುಗಿಸಿ ಊರೆಲ್ಲ ಮಲಗಿತ್ತು. ಚಾವಣಿಗಳ ಮೇಲೆ ಒಣಹಾಕಿದ್ದ ಟೊಮ್ಯಾಟೊ ಮಾಲೆಗಳನ್ನು ಹರಿದುಕೊಂಡು ನುಗ್ಗಿದೆ.

"ಪೊಲೀಸಮ್ಮ, ಡಬ್ಬಿ ಇಟ್ಟು ಹೋಗು. ಮಂಡಿಯಾದ್ರೂ ಉಳಿಯುತ್ತೆ!" ಹಿಂದಿನಿಂದ ಜನ್ನಿಸ್ ಕೂಗಿದ.

ನಾನು ಬಂದರು ಪೊಲೀಸ್ ಕೆಲಸ ಬಿಟ್ಟು ಎಷ್ಟೋ ಕಾಲವಾಯಿತು. ಆದರೂ ಈ ಹೆಸರು ಬಿಟ್ಟಿಲ್ಲ. ನಿಜವಾದ ಹೆಸರು ಅರ್ಗಿರೊ. ಕಾಣೆಯಾದವರನ್ನು ಹುಡುಕಿಕೊಡುವುದು ಈಗಿನ ಕಸುಬು.

ಮುಂದೆ ಓಣಿ ಅಡ್ಡ ಬಂತು. ಹಾರಿದೆ. ಮೊಣಕೈ ತರಚಿತು. ಡಬ್ಬಿ ಬಿಡಲಿಲ್ಲ.

ತಲೆ ಎತ್ತಿದರೆ ಎದುರಿಗೆ ಮೊಲದ ಬೇಟೆಯ ಕೋವಿ. ಅದರ ಹಿಂದೆ ಬಿಳಿ ಮೀಸೆ.

ಕ್ಯಾಪ್ಟನ್ ಇಸಿದೊರೊಸ್!

ಯಾರನ್ನು ಉಳಿಸಲು ನಾನು ಓಡುತ್ತಿದ್ದೆನೋ, ಅದೇ ಮನುಷ್ಯ.

ಸ್ವಲ್ಪ ಹಿಂದಿನಿಂದ ಹೇಳುತ್ತೇನೆ, ಕೇಳಿ. ಇಲ್ಲಿನ ಮಾಸ್ತಿಹಾ ಗಿಡಗಳ ತೊಗಟೆ ಕೆತ್ತಿದರೆ ಬಿಳಿಯ ಅಂಟು ಹನಿಹನಿಯಾಗಿ ಇಳಿಯುತ್ತದೆ. ಊರಿಗೆ ಅನ್ನ ಹಾಕುವುದು ಅದೇ. ಜನ್ನಿಸ್‌ನ ತೋಟದಲ್ಲಿ ಸಿಡಿಲು ಬಡಿದ ಒಂದೇ ಒಂದು ಗಿಡ ಮಾತ್ರ ಕಪ್ಪು ಹನಿ ಕೊಡುತ್ತದೆ. ಅದನ್ನು ನಾಲಗೆಯ ಕೆಳಗಿಟ್ಟು ಮಲಗಿದರೆ ಬೇಕಾದವರು ಬೇಕಾದ ವಯಸ್ಸಿನಲ್ಲಿ ಕನಸಿಗೆ ಬರುತ್ತಾರೆ. ಮುಟ್ಟಿದರೆ ಮೈ ಬೆಚ್ಚಗಿರುತ್ತದಂತೆ. ಎಚ್ಚರವಾದಾಗ ಅದೇ ವ್ಯಕ್ತಿಯ ಒಂದಿಷ್ಟು ನಿಜವಾದ ನೆನಪು ತಲೆಯಿಂದ ಹೋಗಿರುತ್ತದೆ. ಇವತ್ತು ಧ್ವನಿ, ನಾಳೆ ನಡಿಗೆ... ಹೀಗೆ.

ಕ್ಯಾಪ್ಟನ್ ಜೀವನವಿಡೀ ಹಡಗಿನ ಮೇಲಿದ್ದವನು. ನಿವೃತ್ತನಾಗಿ ಬಂದಾಗ ಹೆಂಡತಿ ಲುಕಿಯಾ ಮುದುಕಿಯಾಗಿದ್ದಳು. ತಾನಿಲ್ಲದಾಗ ಕಳೆದುಹೋದ ಅವಳ ಯೌವನ ಅವನಿಗೆ ಬೇಕಾಗಿತ್ತು. ಜನ್ನಿಸ್ ಮಾರಿದ.

ಲುಕಿಯಾ ನನ್ನನ್ನು ಕರೆಸಿದ್ದಳು. ಅಳಲಿಲ್ಲ, ಕಾಫಿ ಕೊಟ್ಟಳು.

"ನನ್ನ ಗಂಡ ಓಡಿಹೋಗಿದ್ದಾರೆ ಮಗಳೇ."

"ಯಾರ ಜೊತೆ, ಚಿಕ್ಕಮ್ಮ?"

"ನನ್ನ ಜೊತೆನೇ. ಇಪ್ಪತ್ತು ವರ್ಷದವಳ ಜೊತೆ."

ಎರಡು ಸಲ ಅವನನ್ನು ಜನ್ನಿಸ್‌ನ ಮನೆಯ ಹಿಂದಿನ ಕೋಣೆಯಿಂದ ಎತ್ತಿಕೊಂಡು ಹೋಗಿ ಮನೆ ಸೇರಿಸಿದ್ದೆ. ಎರಡು ಸಲವೂ ಮೊದಲ ಬಸ್ಸಿಗೆ ವಾಪಸ್ ಬಂದಿದ್ದ. ಕಳೆದುಹೋದವರನ್ನು ಹುಡುಕುವುದು ಸುಲಭ ಸ್ವಾಮಿ. ಕಳೆದುಹೋಗಲೇಬೇಕೆಂದು ಹಟ ಹಿಡಿದವರನ್ನು ಏನು ಮಾಡುವುದು? ರೇಗಿಹೋಗಿತ್ತು ನನಗೆ. ಅದಕ್ಕೇ ಈ ಸಲ ಆ ಸರಕಿಗೇ ಕೈ ಹಾಕಿದ್ದೆ. ಗಿಡಕ್ಕೆ ಬೆಳಿಗ್ಗೆಯೇ ಗರಗಸ ಇಟ್ಟಾಗಿತ್ತು. ಉಳಿದದ್ದು ಈ ಡಬ್ಬಿಯಲ್ಲಿದ್ದ ಹನಿಗಳು.

ಡಬ್ಬಿ ಹೋದದ್ದು ತಿಳಿದ ಕ್ಯಾಪ್ಟನ್ ಕೋವಿ ಹಿಡಿದು ಆಚೆ ಕಡೆಯಿಂದ ಚಾವಣಿ ಹತ್ತಿದ್ದ.

"ಒಂದೇ ಒಂದು ಹನಿ ಕೊಡು," ಎಂದ ಕ್ಯಾಪ್ಟನ್. "ಆಮೇಲೆ ಏನು ಬೇಕಾದ್ರೂ ಮಾಡ್ಕೊ."

"ಕೊಡ್ತೀನಿ. ನಿಮ್ಮ ಹೆಂಡ್ತಿ ಹೆಸರು ಹೇಳಿ."

ಬಾಯಿ ತೆರೆದ. ಮುಚ್ಚಿದ. ಮತ್ತೆ ತೆರೆದ.

"ಹಳದಿ ಲಂಗ ಹಾಕ್ತಾಳೆ," ಎಂದ. "ಹಡಗುಕಟ್ಟೆ ಮೇಲೆ ನಿಂತಿರ್ತಾಳೆ. ಕೂದಲು ಒದ್ದೆ..."

"ಹೆಸರು ಕೇಳಿದ್ದು ಕ್ಯಾಪ್ಟನ್."

ಬೆವರು ಮೀಸೆಯವರೆಗೂ ಇಳಿಯಿತು. ಹೆಸರು ಬರಲಿಲ್ಲ.

ಅಷ್ಟರಲ್ಲಿ ಓಣಿಯ ಆಚೆ ಅಂಚಿಗೆ ಬಂದು ನಿಂತ ಜನ್ನಿಸ್ ಏದುಸಿರು ಬಿಡುತ್ತಿದ್ದ. ಅವಳ ಕಾಲಿಗೆ ಹೊಡೆ, ಒಂದು ಹಿಡಿ ಪುಕ್ಕಟೆ ಕೊಡ್ತೀನಿ ಎಂದು ಕ್ಯಾಪ್ಟನ್‌ಗೆ ಆಸೆ ತೋರಿಸಿದ.

ಕೋವಿ ನನ್ನ ಕಾಲಿಗೆ ಇಳಿಯಿತು. ಹೊಡೆಯುತ್ತಾನೆ ಅನ್ನಿಸಿತು. 

ಕೆಳಗಿನ ಚೌಕದತ್ತ ಕೈ ತೋರಿಸಿದೆ. ಕಾಫಿ ಅಂಗಡಿಯ ನೆರಳಿನಲ್ಲಿ ಜನ್ನಿಸ್‌ನ ಸ್ವಂತ ಅಣ್ಣ ಕೂತಿದ್ದ. ಸತ್ತ ಮಗಳಿಗಾಗಿ ಕರಿಹನಿ ತಿಂದವನು. ತೆರೆದ ಕಣ್ಣು, ಮಡಿಲಲ್ಲಿ ಕೈ. ಕತ್ತಿನ ಮೇಲೆ ನೊಣ ಕೂತರೂ ಓಡಿಸುತ್ತಿರಲಿಲ್ಲ.

"ಅವನಿಗೀಗ ಕನಸಲ್ಲೂ ಮಗಳು ಬರಲ್ಲ," ಎಂದೆ. "ನೆನಪೇ ಇಲ್ಲದವರು ಕನಸಿಗೆ ಎಲ್ಲಿಂದ ಬರ್ತಾರೆ? ನಿಮ್ಮ ಹಳದಿ ಲಂಗನೂ ಹೋಗುತ್ತೆ."

ಕ್ಯಾಪ್ಟನ್ ಆ ಮನುಷ್ಯನನ್ನು ನೋಡಿದ. ಆಮೇಲೆ ಜನ್ನಿಸ್‌ನನ್ನು ನೋಡಿದ.

"ನಿಜವೇನೋ ಇದು?"

ಜನ್ನಿಸ್ ಓಣಿ ಹಾರಿದ. ಗಾಳಿಯಲ್ಲಿದ್ದಾಗಲೇ ಬಡಿಗೆ ಎತ್ತಿದ್ದ.

ಢಂ...

ಗುಂಡು ಆಕಾಶಕ್ಕೆ ಹೋಯಿತು. ಬೆಚ್ಚಿದ ಜನ್ನಿಸ್‌ನ ಕಾಲು ಅಂಚಿಗೆ ತಾಗಿ ಜಾರಿತು. ಕೆಳಗಿನ ಕಲ್ಲುಹಾಸಿನಿಂದ ಅವನ ಕಿರುಚಾಟ ಕೇಳಿಸಿತು. ಸಾಯಲಿಲ್ಲ. ಕಾಲು ಮುರಿಯಿತು.

ಊರು ಎದ್ದಿತು. ಕಿಟಕಿಗಳು ತೆರೆದುಕೊಳ್ಳುವ ಮೊದಲೇ ಚಾವಣಿಯ ಮೂಲೆಯಲ್ಲಿದ್ದ ಸುಣ್ಣದ ಡ್ರಮ್ಮಿಗೆ ಡಬ್ಬಿ ಸುರಿದು ಕೋಲಿನಿಂದ ಕಲಕಿದೆ. ಕ್ಯಾಪ್ಟನ್ ತಡೆಯಲಿಲ್ಲ. ಕೋವಿ ಕೆಳಗಿಟ್ಟು ಮಂಡಿಯೂರಿ ಕೂತ. ಅವಳು ಒದ್ದೆ ಕೂದಲಲ್ಲೇ ನಿಂತಿರ್ತಾಳೆ, ಶೀತ ಆಗುತ್ತೆ ಎಂದು ಮಾತ್ರ ಗೊಣಗಿದ.

ಕಾರಿನಲ್ಲಿ ಕೂರಿಸಿಕೊಂಡು ಬಂದರಿನ ಪಕ್ಕದ ಅವನ ಮನೆಗೆ ಕರೆದೊಯ್ದೆ. ದಾರಿಯುದ್ದಕ್ಕೂ ಸಮುದ್ರ ನೋಡುತ್ತ ಕೂತಿದ್ದ.

ಲುಕಿಯಾ ಬಾಗಿಲಲ್ಲೇ ಇದ್ದಳು. ಕ್ಯಾಪ್ಟನ್ ಟೋಪಿ ತೆಗೆದು ಬಗ್ಗಿ ನಮಸ್ಕರಿಸಿದ, ಅಪರಿಚಿತರಿಗೆ ಮಾಡುವ ಹಾಗೆ. ಅವಳ ಕೈ ಬಾಗಿಲ ಚೌಕಟ್ಟನ್ನು ಗಟ್ಟಿಯಾಗಿ ಹಿಡಿಯಿತು. ಅಷ್ಟೇ. ಒಳಗೆ ಕರೆದು ಹುರುಳಿಕಾಯಿ ಸಾರು, ಬ್ರೆಡ್ಡು ಬಡಿಸಿದಳು. ಅವನು ಪ್ರತಿ ಸಲವೂ "ನಿಮಗೆ ತೊಂದರೆ" ಎಂದ. ಅವಳು ಪ್ರತಿ ಸಲವೂ ಇನ್ನಷ್ಟು ಹಾಕಿದಳು.

ನೀರು ತರಲು ಅವಳು ಒಳಗೆ ಹೋದಾಗ ಅವನು ನನ್ನತ್ತ ಬಾಗಿದ.

"ಈ ಅಮ್ಮ ಬಹಳ ಒಳ್ಳೆಯವರು. ಆದ್ರೆ ನನ್ನ ಕಡೆ ನೋಡೋ ರೀತಿ ಬೇರೆ ಥರ ಇದೆ. ನಂಗೆ ಮದುವೆ ಆಗಿದೆ ಅಂತ ನೀನೇ ನಯವಾಗಿ ಹೇಳ್ಬಿಡು."

ಹೂಜಿ ಹಿಡಿದು ಬಂದಿದ್ದ ಲುಕಿಯಾ ಎಲ್ಲವನ್ನೂ ಕೇಳಿಸಿಕೊಂಡಿದ್ದಳು. 

"ಗೊತ್ತು ಅಂತ ಹೇಳು ಮಗಳೇ," ಎಂದಳು. "ಹೆಂಡ್ತಿ ಬರೋವರೆಗೂ ಇಲ್ಲೇ ಇರ್ಲಿ."

ಲೋಟಕ್ಕೆ ನೀರು ಸುರಿದಳು. ಒಂದು ತೊಟ್ಟೂ ಚೆಲ್ಲಲಿಲ್ಲ.

ನಾನು ಎದ್ದು ಬಂದೆ. ಗಂಡ ಕಾಣೆ ಎಂದವಳಿಗೆ ಗಂಡನನ್ನು ತಲುಪಿಸಿದ್ದೆ. ಅವನ ಲೆಕ್ಕದಲ್ಲಿ ಹೆಂಡತಿ ಇನ್ನೂ ಕಾಣೆ.

ಆ ಕೇಸು ಮಾತ್ರ ನನಗೆ ಬೇಡ.