ಒಂಟೆಗೆ ಗುದ್ದಿದ ಕಾರು

ವಾಹನ ತಪಾಸಣೆಯ ಇನ್‌ಸ್ಪೆಕ್ಟರ್ ಬಾನೆಟ್ ಎತ್ತಿದ. ಬಟ್ಟೆಗೆ ಥಿನ್ನರ್ ಸುರಿದುಕೊಂಡು ಎಂಜಿನ್ ಹಿಂದಿನ ತಗಡನ್ನು ಉಜ್ಜತೊಡಗಿದ. ಬಿಳಿ ಬಣ್ಣ ಎದ್ದುಬಂತು. ಚಾಸಿ ನಂಬರಿನ ಸುತ್ತ ಒಂದು ಗೆರೆ ಕಾಣಿಸಿತು. ನಾಲ್ಕೂ ಕಡೆ. ಯಾರೋ ಬೇರೆ ಕಾರಿನ ನಂಬರನ್ನು ತಗಡಿನ ಸಮೇತ ಕತ್ತರಿಸಿ ತಂದು ಇಲ್ಲಿ ಬೆಸುಗೆ ಹಾಕಿದ್ದರು.

"ಯಾರ ಗಾಡಿ ಇದು?" ಇಂಗ್ಲಿಷಿನಲ್ಲಿ ಕೇಳಿದ.

"ಮೈ ಕಾರ್, ಸಾರ್" ಎಂದ ಮಾಲೀಕ. ಆಮೇಲೆ ತನ್ನಷ್ಟಕ್ಕೇ, "ಇದೇನ್ ಬಂತೋ ಶಿವನ" ಎಂದ.

ಆ ಕನ್ನಡ ಕೇಳಿ ಪಕ್ಕದ ಸಾಲಿನಲ್ಲಿದ್ದ ದೇಜಪ್ಪ ತಿರುಗಿ ನೋಡಿದ.

2007ರ ಜುಲೈ. ದೋಹಾದ ವಾಹನ ತಪಾಸಣಾ ಕೇಂದ್ರ. ದೇಜಪ್ಪನಿಗೆ ಐವತ್ತೆರಡು ವರ್ಷ, ಊರು ಕಾಪು. ಹತ್ತೊಂಬತ್ತು ವರ್ಷಗಳಿಂದ ಇಲ್ಲಿನ ಒಂದು ಇನ್ಶೂರೆನ್ಸ್ ಕಂಪೆನಿಯಲ್ಲಿ ಸರ್ವೇಯರ್. ಅಪಘಾತವಾದ ಕಾರು ನೋಡಿ ಎಷ್ಟು ನಷ್ಟ ಎಂದು ಬರೆಯುವುದು ಅವನ ಕೆಲಸ. ದೇಜಪ್ಪನ ಕಣ್ಣು ತಪ್ಪಿಸಿ ಒಂದು ಗೀರೂ ಹೋಗುವುದಿಲ್ಲ ಎಂದು ಗ್ಯಾರೇಜಿನವರು ಹೇಳುತ್ತಿದ್ದರು. ಅವನೂ ಅದನ್ನು ನಂಬಿಬಿಟ್ಟಿದ್ದ. ಅದೇ ಫಜೀತಿಗೆ ಮೂಲ.

"ಅಣ್ಣಾರ, ಕನ್ನಡದೋರೇನ್ರಿ?" ಕಾರಿನವನು ಓಡಿಬಂದ. "ಇವ್ರು ಏನಂತಾರ ಸ್ವಲ್ಪ ಕೇಳ್ರಿ. ನಂಗೊಂದೂ ತಿಳೀವಲ್ದು."

ಅವನ ಹೆಸರು ಪಂಚಪ್ಪ. ಕೊಪ್ಪಳದ ಕಡೆಯವನು. ಮೆಸಯೀದ್‌ನ ಕಾರ್ಖಾನೆಯೊಂದರಲ್ಲಿ ಎಲೆಕ್ಟ್ರಿಕಲ್ ಟೆಕ್ನಿಷಿಯನ್. ಕಾರಿನ ನೋಂದಣಿ ಕಾರ್ಡು, ಇಲ್ಲಿಯವರು ಹೇಳುವ ಇಸ್ತಿಮಾರಾ, ನವೀಕರಿಸಲು ಬಂದಿದ್ದ. ಅರ್ಧ ಗಂಟೆಯಲ್ಲಿ ಪೊಲೀಸರು ಬಂದರು. ಎಂಜಿನ್ ನಂಬರನ್ನು ದಾಖಲೆಯಲ್ಲಿ ಹುಡುಕಿಸಿದರು. ಅದು ಒಂದು ವರ್ಷದ ಹಿಂದೆ ದೋಹಾದ ಮುಶೈರಿಬ್‌ನಲ್ಲಿ ಕಳುವಾದ ಕಾರಿನದು.

ನೋಂದಣಿ ಕಚೇರಿಯಿಂದ ಈ ಕಾರಿನ ಹಳೆಯ ಫೈಲು ಬಂತು. ಫೈಲಿನ ಕಥೆ ಬೇರೆಯೇ ಇತ್ತು. ಈ ಕಾರು ಮೆಸಯೀದ್ ರಸ್ತೆಯಲ್ಲಿ ಒಂಟೆಗೆ ಗುದ್ದಿತ್ತು. ದೇಜಪ್ಪನ ಇನ್ಶೂರೆನ್ಸ್ ಕಂಪೆನಿ ಅದನ್ನು ಟೋಟಲ್ ಲಾಸ್, ಅಂದರೆ ಪೂರ್ತಿ ನಷ್ಟ, ಎಂದು ಬರೆದು ಹರಾಜು ಹಾಕಿತ್ತು. ಆ ಗುಜರಿಯನ್ನು ಪಂಚಪ್ಪ ಕೊಂಡು, ರಿಪೇರಿ ಮಾಡಿಸಿ, ಮತ್ತೆ ರಸ್ತೆಗಿಳಿಸಲು ಹೊಸ ಇಸ್ತಿಮಾರಾ ಕೇಳಿದ್ದ. ಅರ್ಜಿಯ ಕೆಳಗೆ ಅವನದೇ ಸಹಿ.

ಕೊನೆಯ ಹಾಳೆ ಇನ್ಶೂರೆನ್ಸ್ ಕಂಪೆನಿಯ ಮರುತಪಾಸಣೆ ಸರ್ಟಿಫಿಕೇಟು. 'ರಿಪೇರಿಯಾದ ವಾಹನವನ್ನು ಖುದ್ದಾಗಿ ಪರಿಶೀಲಿಸಿದ್ದೇನೆ. ರಸ್ತೆಗೆ ಯೋಗ್ಯ.'

ಅದರ ಕೆಳಗಿನ ಸಹಿ ದೇಜಪ್ಪನದು. ರಿಪೇರಿಯಾದ ಮೇಲೆ ಅವನು ಆ ಕಾರನ್ನು ನೋಡಿರಲೇ ಇಲ್ಲ.

* * *

ಠಾಣೆಯಲ್ಲಿ ದುಭಾಷಿಯಾಗಿ ಕೂರಲು ಲೆಫ್ಟಿನೆಂಟ್ ದೇಜಪ್ಪನನ್ನೇ ಕರೆದ. ಚಿಕ್ಕ ವಯಸ್ಸಿನ ಕತಾರಿ ಅಧಿಕಾರಿ. ಮಾತು ಕಡಿಮೆ.

"ಈ ಅರ್ಜಿಗೆ ಸಹಿ ಹಾಕಿದ್ದು ನೀವಾ?" ದೇಜಪ್ಪ ಕೇಳಿದ.

"ಹೌದ್ರಿ. ಆದ್ರ ಅದು ಅರಬ್ಬಿಯೊಳಗಿತ್ರಿ. ಯಾಕೂಬ್ ಸಾಹೇಬ್ರ ಗ್ಯಾರೇಜ್‌ನ್ಯಾಗ ಮಾಡು ಅಂದ್ರು, ಮಾಡಿದ್ನಿ. ಗುಜರಿ ಗಾಡಿ ನಾ ಕಣ್ಣಿಂದ ನೋಡಿಲ್ರಿ. ನಂಗ ಕೊಟ್ಟಿದ್ದು ರೆಡಿ ಗಾಡಿ."

ಲೆಫ್ಟಿನೆಂಟ್ ತಲೆಯಾಡಿಸಿದ. "ಕಾಗದದ ಪ್ರಕಾರ ಗುಜರಿ ಕೊಂಡವನೂ ಇವನೇ, ರಿಪೇರಿ ಮಾಡಿಸಿದವನೂ ಇವನೇ. ಭಾನುವಾರ ಕೋರ್ಟಿಗೆ ಒಪ್ಪಿಸುತ್ತೇನೆ. ಮೊದಲು ಜೈಲು, ಆಮೇಲೆ ದೇಶ ಬಿಡಬೇಕು."

ದೇಜಪ್ಪ ಅದನ್ನು ಕನ್ನಡದಲ್ಲಿ ಹೇಳಿದ. ಪಂಚಪ್ಪ ಮೇಜಿನ ಅಂಚು ಹಿಡಿದುಕೊಂಡ.

"ಗುರವ್ವ ಬಂದು ಇಪ್ಪತ್ತು ದಿನ ಆತ್ರಿ. ನನ್ನ ಹೆಂಡ್ತಿ. ಕನ್ನಡ ಬಿಟ್ರ ಒಂದ್ ಮಾತು ಬರಂಗಿಲ್ಲ. ಕ್ವಾರ್ಟರ್ಸ್‌ನ್ಯಾಗ ಒಬ್ಬಾಕೀನ ಅದಾಳ. ಸಂಜೀಗೆ ಬರ್ತೀನಿ ಅಂತ ಹೇಳಿ ಬಂದೀನ್ರಿ."

ಲೆಫ್ಟಿನೆಂಟ್ ಆ ಸರ್ಟಿಫಿಕೇಟನ್ನು ದೇಜಪ್ಪನತ್ತ ತಳ್ಳಿದ. "ಇದು ನಿಮ್ಮ ಸಹಿ. ಕಾರು ನೋಡಿದ್ದಿರಾ?"

"ನೋಡಿರಬೇಕು. ವರ್ಷಕ್ಕೆ ನಾನೂರು ಕಾರು ನೋಡುತ್ತೇನೆ."

ಹೇಳಿದ್ದು ಸುಳ್ಳು. ಬಾಯಿಗೆ ಅದು ಎಷ್ಟು ಸಲೀಸಾಗಿ ಬಂತು ಎಂದು ದೇಜಪ್ಪನಿಗೇ ಹೇಸಿಗೆಯಾಯಿತು. ಕಳೆದ ವರ್ಷ ಜುಲೈಯಲ್ಲಿ ಸುಶಾಂತ್ ರಿಪೇರಿಯಾದ ಕಾರಿನ ಫೋಟೋ ಹಿಡಿದುಕೊಂಡು ಆಫೀಸಿಗೆ ಬಂದಿದ್ದ. ಸುಶಾಂತ್ ಅವನ ಅಕ್ಕ ವಾರಿಜಾಕ್ಷಿಯ ಮಗ. ವೀಸಾ ಕೊಡಿಸಿ, ಯಾಕೂಬನ ಗ್ಯಾರೇಜಿನಲ್ಲಿ ಕಾಗದಪತ್ರದ ಕೆಲಸಕ್ಕೆ ಸೇರಿಸಿದ್ದು ದೇಜಪ್ಪನೇ. 'ಈ ಬಿಸಿಲಿಗೆ ಸನಾಯ್ಯದ ಗ್ಯಾರೇಜಿನವರೆಗೆ ಯಾಕೆ ಬರ್ತೀರಿ ಮಾಮ, ಫೋಟೋ ಉಂಟಲ್ಲ' ಎಂದಿದ್ದ. ಹೊರಗೆ ನಲವತ್ತಾರು ಡಿಗ್ರಿ. ದೇಜಪ್ಪ ಫೋಟೋ ನೋಡಿ ಸಹಿ ಹಾಕಿದ್ದ.

"ಹಾಗಾದರೆ ಇನ್ನೊಮ್ಮೆ ನೋಡಿ" ಎಂದ ಲೆಫ್ಟಿನೆಂಟ್.

* * *

ಪೊಲೀಸ್ ಅಂಗಳದಲ್ಲಿ ದೇಜಪ್ಪ ಆ ಕಾರಿನ ಸುತ್ತ ಎರಡು ಗಂಟೆ ಕಳೆದ. ಮೊಣಕಾಲೂರಿ ನೋಡಿದ. ಒಳಗೆ ಅಂಗಾತ ಮಲಗಿ ನೋಡಿದ.

ಒಂಟೆಗೆ ಗುದ್ದಿದ ಕಾರಿಗೆ ಏಟು ಬೀಳುವುದು ಮುಂದಕ್ಕಲ್ಲ, ತಲೆಗೆ. ಒಂಟೆಯ ಕಾಲು ಬಂಪರಿಗೆ ಸಿಕ್ಕಿ, ಮೈ ಪೂರ್ತಿ ಚಾವಣಿಯ ಮೇಲೆ ಬೀಳುತ್ತದೆ. ಆ ಗುಜರಿಯನ್ನು ಸರ್ವೇ ಮಾಡಿದ್ದು ದೇಜಪ್ಪನೇ. ಚಾವಣಿ ಸೀಟಿಗೆ ಬಂದು ತಾಗಿತ್ತು. ಏರ್‌ಬ್ಯಾಗ್ ಎರಡೂ ಬಿಚ್ಚಿದ್ದವು.

ಈ ಕಾರಿನ ಚಾವಣಿ ಹೊತ್ತ ಕಂಬಗಳಲ್ಲಿ ಬೆಸುಗೆಯಿಲ್ಲ. ಚಾವಣಿಯ ಒಳಬಟ್ಟೆ ಕಾರು ತಯಾರಾದಾಗಿನದೇ. ಏರ್‌ಬ್ಯಾಗ್ ಒಮ್ಮೆಯೂ ಬಿಚ್ಚಿಲ್ಲ. ಎಂಥಾ ಮೇಸ್ತ್ರಿ ರಿಪೇರಿ ಮಾಡಿದರೂ ಗಾಯದ ಗುರುತು ಉಳಿಯುತ್ತದೆ. ಇಲ್ಲಿ ಗಾಯವೇ ಇರಲಿಲ್ಲ.

"ಇದು ರಿಪೇರಿಯಾದ ಕಾರಲ್ಲ" ಎಂದ ಲೆಫ್ಟಿನೆಂಟನಿಗೆ. "ಇಡೀ ಕಾರೇ ಕದ್ದದ್ದು. ಸತ್ತ ಕಾರಿನ ನಂಬರನ್ನು ಇದಕ್ಕೆ ಅಂಟಿಸಿದ್ದಾರೆ. ರಿಪೇರಿ ಕಾರಿಗೆ ಎಂಜಿನ್ ಬದಲಿಸಬಹುದು, ನಂಬರ್ ಬೇರೆಯಿದ್ದರೂ ಯಾರೂ ಕೇಳುವುದಿಲ್ಲ. ಅದಕ್ಕೇ ಎಂಜಿನ್ ನಂಬರ್ ಮುಟ್ಟಿಲ್ಲ."

"ಯಾರು?"

"ಗೊತ್ತಿಲ್ಲ. ನಾಳೆ ಗ್ಯಾರೇಜಿಗೆ ಹೋಗಿ ನೋಡ್ತೇನೆ."

* * *

ಸನಾಯ್ಯ ಎಂದರೆ ದೋಹಾದ ಕೈಗಾರಿಕಾ ಪ್ರದೇಶ. ಧೂಳು, ಗ್ಯಾರೇಜು, ಗುಜರಿ. ಬುಧವಾರ ಬೆಳಿಗ್ಗೆ ಮೊದಲು ಸಿಕ್ಕವನು ಹೆನ್ರಿ. ಮಂಗಳೂರಿನವನು, ಗ್ಯಾರೇಜಿನ ವೆಲ್ಡರ್. ದೇಜಪ್ಪ ಬೆಸುಗೆಯ ಫೋಟೋ ತೋರಿಸಿದ. ಇಷ್ಟು ಧೈರ್ಯದ ಕೆಲಸ ಹೆನ್ರಿಯದೇ ಇರಬೇಕೆಂದು ಅವನ ಲೆಕ್ಕ.

ಹೆನ್ರಿಗೆ ಸಿಟ್ಟು ಬಂತು. "ಇದು ನನ್ನದಾ? ಗಂಟುಗಂಟು ಉಂಟಲ್ಲ ದೇಜಪ್ಪಣ್ಣ! ಇದು ಕಲಿಯುವವರ ಕೈ. ಆ ಒಂಟೆ ಕಾರು ಸರಿ ಮಾಡ್ಲಿಕ್ಕೆ ಆಗುದಿಲ್ಲ ಅಂತ ನಾನೇ ಹೇಳಿದ್ದು. ಆಮೇಲೆ ಟೈಫಾಯ್ಡ್ ಬಂದು ಆಸ್ಪತ್ರೆಯಲ್ಲಿದ್ದೆ. ಬರುವಾಗ ಕಾರು ಡೆಲಿವರಿ ಆಗಿತ್ತು."

"ಮತ್ತೆ ರಿಪೇರಿ ಮಾಡಿದ್ದು ಯಾರು?"

"ಯಾಕೂಬ್ ಹೊರಗೆ ಎಲ್ಲಿಯೋ ಮಾಡಿಸಿದ್ದಂತೆ."

ಯಾಕೂಬ್ ಗ್ಯಾರೇಜು ನಡೆಸುವವನು, ಉಳ್ಳಾಲದವನು. ಒಳಗಿನ ಕೋಣೆಯಲ್ಲಿದ್ದ. ಗುಜರಿಯನ್ನು ಹರಾಜಿನಲ್ಲಿ ಪಂಚಪ್ಪನ ಹೆಸರಿಗೆ ಹಿಡಿದದ್ದೂ, ರಿಪೇರಿ ಮಾಡಿಕೊಡುತ್ತೇವೆಂದು ಅವನಿಗೆ ಮಾತು ಕೊಟ್ಟದ್ದೂ ಯಾಕೂಬನೇ. ಹೆನ್ರಿಯಲ್ಲದಿದ್ದರೆ ಇವನು ಎಂದುಕೊಂಡ ದೇಜಪ್ಪ.

"ನಾನೆಲ್ಲಿ ಮಾಡಿಸಿದ್ದು? ಹೆನ್ರಿ ಮಾಡಿದ್ದಲ್ವಾ? ನನಗೆ ಹಾಗೇ ಹೇಳಿದ್ದು" ಎಂದ ಯಾಕೂಬ್. ಮಾತು ಸಾಲದೆಂದು ಪಾಸ್‌ಪೋರ್ಟ್ ತೆಗೆದು ತೋರಿಸಿದ. ಕಳೆದ ವರ್ಷ ಜೂನ್ ಕೊನೆಯಿಂದ ಆಗಸ್ಟ್‌ವರೆಗೆ ಅವನು ಊರಿನಲ್ಲಿದ್ದ. ತಂಗಿಯ ಮದುವೆ.

ಹೊರಗೆ ಬರುವಾಗ ಸುಶಾಂತ್ ಚಹಾ ತಂದುಕೊಟ್ಟ. "ಎಂತಾಯ್ತು ಮಾಮ?"

"ಇಬ್ಬರಲ್ಲಿ ಒಬ್ಬ ಸುಳ್ಳು ಹೇಳ್ತಾನೆ ಮಾರಾಯ."

"ನನಗೆ ಎಂತ ಗೊತ್ತು? ಹೇಳಿದ ಹಾಗೆ ಪೇಪರ್ ಮಾಡಿದ್ದಷ್ಟೇ."

ಪಾಪ, ಹುಡುಗನನ್ನು ಯಾರೋ ಬಳಸಿಕೊಂಡಿದ್ದಾರೆ ಎಂದುಕೊಂಡ ದೇಜಪ್ಪ. ಹಾಗೆ ಅಂದುಕೊಂಡರೆ ನೆಮ್ಮದಿಯಾಗುತ್ತಿತ್ತು.

* * *

ಗುರುವಾರ ಪೊಲೀಸರು ಕಾರಿನ ನಿಜವಾದ ಒಡತಿಯನ್ನು ಕರೆಸಿದರು. ಜ್ಯೋತ್ಸ್ನಾ, ಮೂಡಬಿದ್ರೆಯವಳು, ಕ್ಲಿನಿಕ್ ಒಂದರ ರಿಸೆಪ್ಷನಿಸ್ಟ್. ಹೋದ ವರ್ಷ ಮುಶೈರಿಬ್‌ನ ಅಂಗಡಿಯೊಂದರ ಎದುರು ಎಸಿ ಹಾಕಿದ ಕಾರನ್ನು ಕೀ ಸಮೇತ ಹಾಗೇ ಬಿಟ್ಟು ಖುಬ್ಬೂಸ್ ರೊಟ್ಟಿ ತರಲು ಇಳಿದಿದ್ದಳು. ದೋಹಾದಲ್ಲಿ ಎಲ್ಲರೂ ಮಾಡುವ ಕೆಲಸ. ಬರುವಷ್ಟರಲ್ಲಿ ಕಾರು ಇರಲಿಲ್ಲ.

"ಇದೇ ಅಂತ ಹೇಗೆ ಹೇಳುದು ಅಂಕಲ್? ಸೀಟ್ ಕವರ್ ಬೇರೆ, ಟೈರ್ ಬೇರೆ." ಆಮೇಲೆ ಏನೋ ನೆನಪಾಗಿ ಮುಂದಿನ ಸೀಟಿಗೆ ಕೂತಳು. "ಗ್ಲೋವ್ ಬಾಕ್ಸ್ ಹಿಂದೆ ಅಮ್ಮ ಕಟೀಲು ದೇವಸ್ಥಾನದ ಪ್ರಸಾದ ಕಟ್ಟಿದ್ದರು. ಈಗ ಎಲ್ಲಿರ್ತದೆ?"

ದೇಜಪ್ಪ ಸ್ಕ್ರೂ ಬಿಚ್ಚಿ ಗ್ಲೋವ್ ಬಾಕ್ಸ್ ಹೊರತೆಗೆದ. ಅವಳು ಕೈ ತೂರಿಸಿದಳು. ಕೆಂಪು ಬಟ್ಟೆಯ ಪುಟ್ಟ ಗಂಟು ಹೊರಬಂತು. ಒಳಗೆ ಒಣಗಿದ ಹೂವು, ಕುಂಕುಮ.

"ಇದೇ ಅಂಕಲ್! ಇದೇ!" ಅವಳು ಅತ್ತೇಬಿಟ್ಟಳು. ಮತ್ತೆ ಗಂಟನ್ನು ತಿರುಗಿಸಿ ನೋಡಿದಳು. "ಆದರೆ ಇದು ನಮ್ಮದಲ್ಲ."

ಕೆಂಪು ಗಂಟಿಗೆ ಹೊಸ ದಾರದಲ್ಲಿ ಇನ್ನೊಂದು ಗಂಟನ್ನು ಯಾರೋ ಸೇರಿಸಿದ್ದರು. ಅರಸಿನ ಹಚ್ಚಿದ ಬಿಳಿ ಬಟ್ಟೆ. ಬಿಚ್ಚಿದರೆ ಐವತ್ತು ದಿರ್ಹಮಿನ, ಅಂದರೆ ಅರ್ಧ ರಿಯಾಲಿನ, ಕತಾರಿ ನಾಣ್ಯ ಒಂದೇ ಒಂದು.

"ತಪ್ಪುಕಾಣಿಕೆ ಅಲ್ವಾ ಅಂಕಲ್?" ಎಂದಳು ಜ್ಯೋತ್ಸ್ನಾ. "ಕಳ್ಳ ತಪ್ಪುಕಾಣಿಕೆ ಇಡ್ತಾನಾ?"

ದೇವರ ವಸ್ತುವಿನ ವಿಷಯದಲ್ಲಿ ಎಡವಟ್ಟಾದರೆ ಒಂದು ನಾಣ್ಯವನ್ನು ಬಟ್ಟೆಯಲ್ಲಿ ಕಟ್ಟಿ, ತಪ್ಪಾಯಿತು, ಹೊಟ್ಟೆಗೆ ಹಾಕಿಕೋ ಎಂದು ತೆಗೆದಿಡುವುದು ಕರಾವಳಿಯ ಮನೆಮನೆಯ ಕ್ರಮ. ದೇಜಪ್ಪ ನಾಣ್ಯವನ್ನು ಮತ್ತೆ ಅದೇ ಬಟ್ಟೆಯಲ್ಲಿ ಸುತ್ತಿಟ್ಟ.

* * *

ಶುಕ್ರವಾರ ಸುಶಾಂತ್ ಎಂದಿನಂತೆ ಮಾಮನ ಮನೆಗೆ ಊಟಕ್ಕೆ ಬಂದ. ದೇಜಪ್ಪನ ಹೆಂಡತಿ ವಸಂತಿ ಕೋಳಿ ಸುಕ್ಕ ಬಡಿಸಿ ಒಳಗೆ ಹೋದಳು. ದೇಜಪ್ಪ ತನ್ನ ಜೇಬಿನಿಂದ ಐವತ್ತು ದಿರ್ಹಮಿನ ನಾಣ್ಯ ತೆಗೆದು ಮೇಜಿನ ಮೇಲಿಟ್ಟ. ಪಕ್ಕದಲ್ಲಿ ಅಂಗೈಯಗಲದ ಬಿಳಿ ಬಟ್ಟೆ.

ಸುಶಾಂತನ ಕೈ ತಟ್ಟೆಯಲ್ಲೇ ನಿಂತಿತು.

"ಚಾಸಿ ನಂಬರ್ ಡ್ಯಾಶ್‌ಬೋರ್ಡಿನಲ್ಲೂ ಉಂಟು" ಎಂದ ದೇಜಪ್ಪ ತುಳುವಿನಲ್ಲಿ. "ಅದನ್ನು ಬದಲಿಸ್ಬೇಕಾದರೆ ಗ್ಲೋವ್ ಬಾಕ್ಸ್ ಬಿಚ್ಚಬೇಕು. ಬಿಚ್ಚಿದವನ ಕೈಗೆ ಆ ಪ್ರಸಾದ ಸಿಕ್ಕಿತು. ಹೆನ್ರಿಗಾಗಲಿ ಯಾಕೂಬನಿಗಾಗಲಿ ತಪ್ಪುಕಾಣಿಕೆ ಇಡುವ ಕ್ರಮ ಇಲ್ಲ. ಪಂಚಪ್ಪನ ಊರಿನಲ್ಲೂ ಇಲ್ಲ, ನಿನ್ನೆ ಕೇಳಿದೆ. ಸಂಜೆ ಹೆನ್ರಿಗೂ ಯಾಕೂಬನಿಗೂ ಫೋನ್ ಮಾಡಿದೆ. ಯಾಕೂಬ್ ಮಾಡಿಸಿದ್ದು ಅಂತ ಹೆನ್ರಿಗೆ ಹೇಳಿದ್ದು ನೀನು. ಹೆನ್ರಿ ಮಾಡಿದ್ದು ಅಂತ ಯಾಕೂಬನಿಗೆ ಹೇಳಿದ್ದೂ ನೀನೇ. ರಜೆಯ ದಿನಗಳಲ್ಲಿ ನಿನಗೆ ವೆಲ್ಡಿಂಗ್ ಕಲಿಸಿದ್ದು ಹೆನ್ರಿಯಂತೆ."

ಸುಶಾಂತ್ ತಟ್ಟೆಯನ್ನು ಬದಿಗೆ ಸರಿಸಿದ.

"ನಾನು ಊರಿನಿಂದ ಬರುವಾಗ ಕಾರು ರೆಡಿ ಆಗಿದ್ರೆ ಗ್ಯಾರೇಜಿನಲ್ಲಿ ನಿನಗೂ ಪಾಲು ಅಂತ ಯಾಕೂಬ್ ಹೇಳಿದ್ದ ಮಾಮ. ಹೆನ್ರಿ ಆಗುದಿಲ್ಲ ಅಂದ. ನಾನೇ ರೂಫ್ ಕತ್ತರಿಸಿ ನೋಡಿದೆ, ಇನ್ನೂ ಹಾಳಾಯ್ತು. ಆಗ ಮುಶೈರಿಬ್‌ನಲ್ಲಿ ಅದೇ ಬಣ್ಣ, ಅದೇ ಮಾಡೆಲ್, ಕೀ ಸಮೇತ ನಿಂತಿತ್ತು."

"ಆ ಗಂಟನ್ನು ಬಿಸಾಡಿದ್ದರೆ ಯಾರಿಗೂ ಗೊತ್ತಾಗ್ತಿರಲಿಲ್ಲ."

"ಪ್ರಸಾದವನ್ನು ಎಲ್ಲಿ ಬಿಸಾಡುದು ಮಾಮ? ಕಸದ ಡಬ್ಬಕ್ಕೆ ಹಾಕ್ಲಿಕ್ಕೆ ಆಗ್ತದಾ? ರೂಮಿಗೆ ತರ್ಲಿಕ್ಕೂ ಹೆದರಿಕೆ ಆಯ್ತು."

"ದೇವರಿಗೆ ಕಾಣಿಕೆ ಇಟ್ಟೆ. ಪಂಚಪ್ಪನಿಗೆ ಎಂತ ಇಟ್ಟೆ?"

ಸುಶಾಂತ್ ಅಳತೊಡಗಿದ. ಅಳುತ್ತಲೇ ಇನ್ನೊಂದು ಮಾತು ಹೇಳಿದ. "ನನ್ನನ್ನು ಹಿಡಿದುಕೊಟ್ಟರೆ ನಿಮ್ಮ ಸಹಿಯ ವಿಷಯವೂ ಬರ್ತದೆ ಮಾಮ. ನೋಡದೆ ಹಾಕಿದ್ದು ಅಂತ ಹೇಳ್ಬೇಕಾಗ್ತದೆ. ನಿಮ್ಮ ಕೆಲಸ ಹೋಗ್ತದೆ. ಅಮ್ಮನಿಗೆ ಎಂತ ಹೇಳ್ತೀರಿ?"

ಬೆದರಿಕೆಯೋ ಬೇಡಿಕೆಯೋ ದೇಜಪ್ಪನಿಗೆ ತಿಳಿಯಲಿಲ್ಲ. ಹೇಳಿದ್ದು ಮಾತ್ರ ನಿಜ. ಎತ್ತಿ ಆಡಿಸಿದ ಹುಡುಗ. ತುಳುನಾಡಿನಲ್ಲಿ ಅಕ್ಕನ ಮಗನೆಂದರೆ ಸ್ವಂತ ಮಗನಿಗಿಂತ ಒಂದು ತೂಕ ಹೆಚ್ಚು. ಬಾಯಿ ಮುಚ್ಚಿಕೊಂಡರೆ ಕೆಲಸ, ಅಕ್ಕ, ಅಳಿಯ ಎಲ್ಲ ಉಳಿಯುತ್ತದೆ. ಹೋಗುವವನು ಪಂಚಪ್ಪ ಒಬ್ಬನೇ. ಆ ಲೆಕ್ಕ ಎಷ್ಟು ಸುಲಭವಾಗಿ ಕೂಡಿಬಂತೆಂದು ಅವನಿಗೆ ಭಯವಾಯಿತು.

"ಗುಜರಿ ಎಲ್ಲಿ ಉಂಟು?"

"ಗ್ಯಾರೇಜಿನ ಹಿಂದಿನ ಖಾಲಿ ಯಾರ್ಡಿನಲ್ಲಿ. ಟಾರ್ಪಾಲು ಮುಚ್ಚಿದೆ."

"ಕೈ ತೊಳಿ. ಠಾಣೆಗೆ ಹೋಗುವ."

* * *

ಟಾರ್ಪಾಲಿನ ಅಡಿಯಲ್ಲಿ ಚಾವಣಿಯಿಲ್ಲದ ಬಿಳಿ ಕಾರು ಸಿಕ್ಕಿತು. ನಂಬರ್ ಇರಬೇಕಾದ ಜಾಗದಲ್ಲಿ ಚೌಕಾಕಾರದ ತೂತು. ಪಂಚಪ್ಪನ ಕಾರಿನಿಂದ ಬಿಡಿಸಿದ ತಗಡನ್ನು ಪೊಲೀಸರು ಅಲ್ಲಿ ಹಿಡಿದು ನೋಡಿದರು. ಅಂಚಿಗೆ ಅಂಚು ಕೂಡಿತು. ಸುಶಾಂತ್ ಎಲ್ಲ ಒಪ್ಪಿಕೊಂಡ.

ದೇಜಪ್ಪನೂ ಹೇಳಿಕೆ ಬರೆದುಕೊಟ್ಟ. ಕಾರು ನೋಡಿರಲಿಲ್ಲ. ಫೋಟೋ ನೋಡಿ ಸಹಿ ಹಾಕಿದೆ. ಮೂರು ದಿನದ ಹಿಂದೆ ಇದೇ ಕೋಣೆಯಲ್ಲಿ ಸುಳ್ಳು ಹೇಳಿದೆ.

ಲೆಫ್ಟಿನೆಂಟ್ ಓದಿ ಮುಗಿಸಿ ಕೇಳಿದ. "ಆ ಹುಡುಗ ನಿಮಗೇನಾಗಬೇಕು?"

"ಅಳಿಯ."

"ನಿಮ್ಮ ಕಂಪೆನಿಗೆ ತಿಳಿಸುತ್ತೇನೆ. ಪಾಸ್‌ಪೋರ್ಟ್ ಇಲ್ಲಿ ಕೊಟ್ಟು ಹೋಗಿ."

ಶನಿವಾರ ಪಂಚಪ್ಪನನ್ನು ಬಿಟ್ಟರು. ಅವನ ಕಾರ್ಖಾನೆಯ ಬಸ್ಸು ಹತ್ತಿ ಬಂದ ಕನ್ನಡದವರೊಬ್ಬರು ಗುರವ್ವನನ್ನು ಠಾಣೆಯ ಗೇಟಿನವರೆಗೆ ತಲುಪಿಸಿದ್ದರು. ಅವಳು ಗೋಡೆಯ ನೆರಳಿನಲ್ಲಿ ಸೆರಗು ಹೊದ್ದು ನಿಂತಿದ್ದಳು. ಪಂಚಪ್ಪ ಅವಳತ್ತ ಹೋಗುವ ಮೊದಲು ದೇಜಪ್ಪನ ಬಳಿ ಬಂದು ಕಾಲಿಗೆ ಬಗ್ಗಿದ.

"ನಿಮ್ಮ ಉಪಕಾರ ಮರಿಯಂಗಿಲ್ರಿ ಅಣ್ಣಾರ."

ದೇಜಪ್ಪ ಅವನ ತೋಳು ಹಿಡಿದೆತ್ತಿದ. "ಉಪಕಾರ ಅಲ್ಲ ಪಂಚಪ್ಪ. ನಿಮ್ಮ ಕಾರಿನ ಪೇಪರಿಗೆ ನೋಡದೆ ಸಹಿ ಹಾಕಿದವ ನಾನೇ. ನಾನು ಅಂದು ಹೋಗಿ ನೋಡಿದ್ರೆ ನಿಮಗೆ ಇದೆಲ್ಲ ಆಗ್ತಿರಲಿಲ್ಲ."

ಪಂಚಪ್ಪ ಒಂದು ಹೆಜ್ಜೆ ಹಿಂದೆ ಸರಿದ. ಸಿಟ್ಟಾಗಲಿಲ್ಲ.

"ನಾನೂ ನೋಡ್ದನ ಸಹಿ ಮಾಡಿದ್ನಿ. ನಂಗ ಅರಬ್ಬಿ ಓದಾಕ ಬರಂಗಿಲ್ಲ" ಎಂದ. "ನಿಮಗ ಕಾರ್ ನೋಡಾಕ ಬರ್ತಿತ್ತಲ್ರೀ."

ಅಷ್ಟು ಹೇಳಿ ಗೇಟಿನತ್ತ ನಡೆದ. ಗುರವ್ವ ಅವನ ಕೈಚೀಲ ತೆಗೆದುಕೊಂಡಳು. ಇಬ್ಬರೂ ಟ್ಯಾಕ್ಸಿ ಹುಡುಕುತ್ತ ರಸ್ತೆ ದಾಟಿದರು.